ಬೇಸಿಗೆಯಲ್ಲಿ ಮೊಣಕಾಲುದ್ದ ನೀರು

ಚಮನಬೀ ನಗು ನಿಲ್ಲಿಸಲೇ ಇಲ್ಲ.

ಗಾದಿಯ ಅರಳೆ ಬಿಡಿಸುತ್ತಿದ್ದವಳು ಕೆಲಸ ಬಿಟ್ಟು, ಹಳ್ಳದ ದಂಡೆಯ ಬಂಡೆಯ ಮೇಲೆ ಕೂತು, ಸೆರಗನ್ನು ಬಾಯಿಗೆ ಒತ್ತಿಕೊಂಡು ನಗುತ್ತಿದ್ದಳು. ನಾನು ಓದುತ್ತಿದ್ದದ್ದು ನಗುವ ಕಾಗದವೇನಲ್ಲ. ಹನ್ನೆರಡು ಮನೆಗಳನ್ನು ಕೆಡವುವುದಕ್ಕೆ, ಒಬ್ಬ ಹೆಣ್ಣುಮಗಳನ್ನು ಜೈಲಿಗೆ ಕಳಿಸುವುದಕ್ಕೆ ಬರೆಸಿದ ಪ್ರಮಾಣಪತ್ರ ಅದು. ನನಗೆ ಸಿಟ್ಟು ಬಂತು.

"ಆಪಾ, ಇದರಾಗ ನಗೂದು ಏನೈತಿ?"

"ಏ ಹುಲಗಪ್ಪಾ, ಆ ನೀರಿಂದು ಮತ್ತೊಮ್ಮಿ ಓದು."

ಓದಿದೆ. "ಸದರಿ ಮೋಜಣಿಯು ಬೇಸಿಗೆ ಕಾಲದಲ್ಲಿ, ರಾಶಿ ಮುಗಿದ ತರುವಾಯ ನಡೆದಿದ್ದು, ಈಗ ಹಳ್ಳದ ಓಣಿ ಇರುವ ಜಾಗೆಯಲ್ಲಿಯೇ ಜಾಲಿಹಳ್ಳವು ಹರಿಯುತ್ತಿತ್ತು. ನಾನು ಮೊಣಕಾಲುದ್ದ ನೀರಿನಲ್ಲಿ ನಿಂತು ಜಂಡಾ ಹಿಡಿದಿದ್ದೆನು."

"ಯಾ ವರ್ಸದ ಮಾತು ಇದು?"

"ಐವತ್ಮೂರನೇ ಇಸವಿ."

"ಐವತ್ಮೂರರಾಗ, ಬ್ಯಾಸಗ್ಯಾಗ, ಜಾಲಿಹಳ್ಳದಾಗ ಮೊಣಕಾಲ ನೀರು!" ಚಮನಬೀ ಮತ್ತೆ ನಕ್ಕಳು. "ಯಾ ಅಲ್ಲಾ! ಹಂಗಾರ ನಾ ಯಾಕ ಉಸುಕು ತೋಡಿ ತೋಡಿ ಉಗುರು ಕಳಕೊಂಡ್ನೋ?"

ಆಗ ನನ್ನ ತಲೆಗೆ ಹೊಕ್ಕಿತು.

ಮೂವತ್ತಾರು ವರ್ಷ ನೆಲ ಅಳೆಯುವ ಸರಪಳಿ ಎಳೆದ ಮೋಜಣಿದಾರ ನಾನು. ಆ ಕಾಗದವನ್ನು ಮೂರು ದಿನದಲ್ಲಿ ಹತ್ತು ಸಲ ಓದಿದ್ದೆ. ಹೆಬ್ಬೆಟ್ಟು ನೋಡಿದ್ದೆ, ಮೊಹರು ನೋಡಿದ್ದೆ, ಸ್ಟಾಂಪು ಕಾಗದದ ನಂಬರನ್ನೂ ನೋಡಿದ್ದೆ. ಎದುರಿಗೇ ಕೂತಿದ್ದ ಸುಳ್ಳು ಮಾತ್ರ ಕಾಣಲಿಲ್ಲ. ಓದು ಬರದ ಮುದುಕಿ ಒಂದೇ ಸಲ ಕೇಳಿ ಹಿಡಿದುಬಿಟ್ಟಳು.

ಹಿಂದಿನ ವಾರಗಳು ತಪ್ಪಿದವರಿಗೆ ಇಷ್ಟು ಸಾಕು: ಹಳೆಯ ದಾಖಲೆ ಇಡುವ ದಫ್ತರದ ಕೋಣೆಯಿಂದ ಜಾಲಿಹಳ್ಳದ ಹಳೆಯ ಉರ್ದು ನಕಾಶೆ ಮಾಯವಾಗಿದೆ, ಬೀಗ ಮುರಿದಿಲ್ಲ, ಕೀಲಿಕೈ ಇದ್ದದ್ದು ಇಬ್ಬರ ಬಳಿ ಮಾತ್ರ, ಕಳ್ಳತನದ ದೂರು ಬಿದ್ದಿರುವುದು ದಫ್ತರ ಕಾಯುವ ರಾಬಿಯಾಳ ಮೇಲೆ.

ನಾನು ಓದಿದ್ದನ್ನು ನಾನೇ ನಂಬುವಂತೆ ಮಾಡಿದ್ದು ಎದುರಿಗಿದ್ದ ಹಳ್ಳ. ಅದು ಮಾರ್ಚ್ ತಿಂಗಳು. ಬಿಸಿಲು ನೆತ್ತಿ ಸುಡುತ್ತಿತ್ತು. ಆದರೂ ಜಾಲಿಹಳ್ಳದಲ್ಲಿ ಮೊಣಕಾಲುದ್ದ ನೀರು ಇತ್ತು. ದಂಡೆಯ ಎರಡೂ ಕಡೆ ಆಳೆತ್ತರದ ಜೇಕು ಬೆಳೆದಿತ್ತು. ಎಮ್ಮೆಗಳು ಮೂಗು ಮಾತ್ರ ಹೊರಗಿಟ್ಟು ಬಿದ್ದುಕೊಂಡಿದ್ದವು.

ಈ ಹಳ್ಳ ಹುಟ್ಟುವುದು ಶಹಾಪುರದ ಬೆನ್ನಿಗಿರುವ ಗುಡ್ಡದ ಸಂದಿನಲ್ಲಿ. ಕೆರೆಯ ಕೋಡಿ ನೀರನ್ನು ಜೊತೆಗೆ ಕರೆದುಕೊಂಡು, ಹತ್ತಿ ಬಜಾರದ ಹಿಂದೆ ಹಾದು, ಬಸ್ ನಿಲ್ದಾಣದ ಮೋರಿಯ ಕೆಳಗೆ ತೂರಿ, ಹಳ್ಳದ ಓಣಿಯ ಬೆನ್ನಿಗೆ ತಾಗಿ, ಊರಾಚೆಯ ಗದ್ದೆಗಳ ಕಡೆಗೆ ಇಳಿಯುತ್ತದೆ. ಕಾಲುವೆ ಬಂದು ಈಗ ಎಂಟು ವರ್ಷ. ಮೇಲಿನ ಭತ್ತದ ಗದ್ದೆಗಳ ಬಸಿನೀರೆಲ್ಲ ಇದರೊಳಕ್ಕೇ ಬರುವುದರಿಂದ ಹನ್ನೆರಡು ತಿಂಗಳೂ ಹರಿಯುತ್ತದೆ. ಅದಕ್ಕೆ ಮೊದಲು ದೀಪಾವಳಿ ಮುಗಿಯುವಷ್ಟರಲ್ಲಿ ನೀರು ನಿಲ್ಲುತ್ತಿತ್ತು. ಸಂಕ್ರಾಂತಿಗೆ ಬರೀ ಉಸುಕು.

ಕಾಲುವೆಯನ್ನು ಬೈಯುವವನು ನಾನಲ್ಲ. ಗೋಗಿಯಲ್ಲಿ ನನಗಿರುವ ಎರಡು ಎಕರೆ ಇವತ್ತು ಹಸಿರಾಗಿದ್ದರೆ ಅದರಿಂದಲೇ. ಬೆಳಿಗ್ಗೆ ಎದ್ದು ಅನ್ನ ಉಣ್ಣುವಾಗ ಆ ನೀರಿಗೆ ಮನಸ್ಸಿನಲ್ಲೇ ಕೈ ಮುಗಿಯುತ್ತೇನೆ. ಆದರೆ ಎಂಟೇ ವರ್ಷದಲ್ಲಿ ಅದು ನಮ್ಮ ನೆನಪಿನ ಮೇಲೂ ಹರಿದುಬಿಟ್ಟಿದೆ. ಹಳ್ಳವೆಂದರೆ ನೀರಿರುವುದೇ ಎಂದುಕೊಂಡೆವು. ಸುಳ್ಳು ಬರೆದವನೂ ಹಾಗೇ ಅಂದುಕೊಂಡು ಬರೆದ, ಓದಿದ ನಾನೂ ಹಾಗೇ ಅಂದುಕೊಂಡು ಓದಿದೆ.

"ಆಪಾ, ನಿಮ್ಮ ವರ್ತಿ ಎಲ್ಲಿತ್ತು? ಜಾಗಾ ತೋರಸ್ತೀರೇನು?"

ವರ್ತಿ ಎಂದರೆ ಹಳ್ಳದ ಉಸುಕಿನಲ್ಲಿ ತೋಡುವ ಕುಣಿ. ಮೊಣಕೈ ಉದ್ದ ತೋಡಿದರೆ ಕೆಳಗೆ ತಿಳಿನೀರು ಜಿನುಗುತ್ತದೆ. ತೆಂಗಿನ ಪರಟೆಯಲ್ಲಿ ಗೋರಿ ಗೋರಿ ಕೊಡ ತುಂಬಬೇಕು. ಒಂದೊಂದು ಮನೆಗೆ ಒಂದೊಂದು ವರ್ತಿ. ಅತ್ತೆಯ ವರ್ತಿ ಸೊಸೆಗೆ ಬರುತ್ತಿತ್ತು. ಸಂಜೆ ಜಾಲಿಮುಳ್ಳು ಮುಚ್ಚಿ ಹೋಗುತ್ತಿದ್ದರು. ಬೆಳಿಗ್ಗೆ ಮುಳ್ಳು ತೆಗೆದವರು ಮೊದಲ ಪರಟೆ ನೀರನ್ನು ಉಸುಕಿಗೇ ಸುರಿದು ಆಮೇಲೆ ತಮ್ಮ ಕೊಡಕ್ಕೆ ಹಾಕಿಕೊಳ್ಳಬೇಕು. ಹಿಂದೂ ಮನೆಯವರು ಗಂಗವ್ವಗೆ ಅನ್ನುತ್ತಿದ್ದರು, ಮುಸಲ್ಮಾನರ ಮನೆಯವರು ಸುಮ್ಮನೆ ಸುರಿಯುತ್ತಿದ್ದರು. ಸುರಿಯದೆ ತುಂಬಿದವರನ್ನು ನಾನಂತೂ ನೋಡಿಲ್ಲ.

ಚಮನಬೀ ಎದ್ದಳು. ಎಪ್ಪತ್ತು ದಾಟಿದ ಕಾಲು. ನನ್ನ ಭುಜ ಹಿಡಿದು ಪಡುವಣದ ಕಡೆಗೆ ನಡೆದಳು. ನಲವತ್ತು ಹೆಜ್ಜೆಗೆ ಮಹಾದೇವಪ್ಪನ ಕಾಂಪೌಂಡ್ ಗೋಡೆ ಅಡ್ಡ ಬಂತು. ಹತ್ತಿ ವ್ಯಾಪಾರಿ ಮಹಾದೇವಪ್ಪ ಅಲ್ಲಿ ಆಳೆತ್ತರ ಮೊರಂ ಮಣ್ಣು ತುಂಬಿಸಿ, ಮೇಲೆ ಇಪ್ಪತ್ತು ಅಂಗಡಿಗಳ ಸಾಲು ಏಳಿಸುತ್ತಿದ್ದಾನೆ.

"ಇಲ್ಲೇ ಆಚಿ," ಎಂದು ಗೋಡೆಗೆ ಕೈ ಇಟ್ಟಳು. "ನಂದು ಮೂರನೇದು. ಒಟ್ಟು ಏಳು ಇದ್ವು. ಹಳ್ಳ ಇಲ್ಲೇ ಇತ್ತೋ ತಮ್ಮಾ. ನಮ್ಮ ಮನಿ ಹಿಂದ ಬಾವಿ ಕಟ್ಟಿಯಂಗ ಎತ್ತರದ ದಂಡಿ ಇತ್ತು. ಈತ ಮಣ್ಣು ಹಾಕಿ ಹಾಕಿ ಹಳ್ಳಾನ ನಮ್ಮ ಗ್ವಾಡಿಗಿ ದಬ್ಬಿದ."

ಮಹಾದೇವಪ್ಪನ ಅರ್ಜಿ ಇದಕ್ಕೆ ಪೂರ್ತಿ ಉಲ್ಟಾ. ಹಳ್ಳ ಮೊದಲಿಂದಲೂ ಓಣಿಯ ಜಾಗದಲ್ಲೇ ಇತ್ತು, ಹನ್ನೆರಡು ಮನೆಯವರು ಸರ್ಕಾರಿ ಹಳ್ಳದ ಮೇಲೆ ಮನೆ ಕಟ್ಟಿದ್ದಾರೆ, ತೆರವು ಮಾಡಿ ಎಂದು ಅವನ ಬೇಡಿಕೆ. ಜೊತೆಗೆ ಒಂದು ನಕಲು ನಕಾಶೆ, ಐವತ್ಮೂರರ ಮೋಜಣಿಯಲ್ಲಿ ಗುರುತಿನ ಜಂಡಾ ಹಿಡಿದಿದ್ದ ಚಂದ್ರಾಮಪ್ಪನ ಪ್ರಮಾಣಪತ್ರ. ಅಸಲು ನಕಾಶೆ ಒಂದಿದ್ದರೆ ಒಂದು ನಿಮಿಷದಲ್ಲಿ ಬಗೆಹರಿಯುವ ವಿಷಯ. ಅದೇ ಇಲ್ಲ. ರಾಬಿಯಾಳ ಮನೆಯೂ ಅದೇ ಓಣಿಯಲ್ಲಿ ಇರುವುದರಿಂದ, ಮನೆ ಉಳಿಸಿಕೊಳ್ಳಲು ಅವಳೇ ಕದ್ದಳು ಎಂದು ಎಲ್ಲರ ಬಾಯಲ್ಲೂ ಬಂತು.

ನಾಳೆ ಹನ್ನೊಂದಕ್ಕೆ ಕೊನೆಯ ವಿಚಾರಣೆ. ಅಷ್ಟರೊಳಗೆ ನಕಾಶೆ ಸಿಗದಿದ್ದರೆ ಮನೆಗಳಿಗೆ ಆದೇಶ, ರಾಬಿಯಾಳಿಗೆ ಬೇಡಿ.

ಚಮನಬೀಯ ಎರಡೂ ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡೆ. ಮೊಂಡು ಉಗುರಿನ, ಅರಳೆಯ ಎಳೆ ಅಂಟಿದ ಕೈ.

"ಏನ್ ಮಾಡಾಕತ್ತೀದಿ, ಬಿಡೋ," ಎಂದು ನಾಚಿಕೊಂಡಳು.

ರಾಬಿಯಾಳ ಮನೆ ಓಣಿಯಲ್ಲಿ ಚಮನಬೀಯ ಮನೆಯಿಂದ ಆರನೆಯದು. ಸುದ್ದಿ ಹೇಳದೆ ಹೋಗಲು ಮನಸ್ಸಾಗಲಿಲ್ಲ.

ಈ ಮನೆಯ ಹೊಸ್ತಿಲು ದಾಟುವಾಗ ಈಗಲೂ ನನ್ನ ಎದೆ ತುಂಬುತ್ತದೆ. ಅರವತ್ತನೇ ಇಸವಿಯಲ್ಲಿ ಗೋಗಿಯಿಂದ ಬಂದು ಕೆಲಸಕ್ಕೆ ಸೇರಿದಾಗ ನನಗೆ ಉರ್ದುವಿನ ಒಂದು ಅಕ್ಷರ ಬರುತ್ತಿರಲಿಲ್ಲ. ಹಳೆಯ ನಕಾಶೆ, ಟಿಪ್ಪಣಿ, ಪಹಣಿ ಎಲ್ಲ ಉರ್ದುವಿನಲ್ಲೇ ಇದ್ದವು. ಕಲಿಸಿ ಎಂದು ಕೇಳಿದರೆ ಜೊತೆಯವರು ಮುಖ ತಿರುಗಿಸಿದರು. ನಮ್ಮ ಕೇರಿ ಯಾವುದೆಂದು ಗೊತ್ತಿತ್ತಲ್ಲ. ಚಹದ ಅಂಗಡಿಯಲ್ಲಿ ನನಗೆ ಬೇರೆ ಕಪ್ಪು ಇಟ್ಟಿದ್ದ ಕಾಲ ಅದು.

ದಫ್ತರ ಕಾಯುತ್ತಿದ್ದ ಶರೀಫಸಾಬರು ಮಾತ್ರ ಒಂದು ಸಂಜೆ ನನ್ನ ಕೈ ಹಿಡಿದು ಈ ಮನೆಗೆ ಕರೆತಂದರು. ಹನ್ನೊಂದು ತಿಂಗಳು ದಿನಾ ಪಾಠ. ಅವರ ಹೆಂಡತಿ ಹಜರಾಬೀ ರೊಟ್ಟಿ ಬಡಿಯುತ್ತಿದ್ದಳು. ಸಾಬರು ತಮ್ಮ ತಾಟಿನಲ್ಲೇ ನನಗೂ ಪಲ್ಯ ಹಾಕಿ, "ತಿನ್ನು, ಹೊಟ್ಟಿ ತುಂಬಿದ್ರ ಅಕ್ಷರ ಒಳಗ ಹೋಗ್ತಾವ," ಅನ್ನುತ್ತಿದ್ದರು. ನಾನು ಮೋಜಣಿದಾರನಾಗಿ ನಿವೃತ್ತನಾದದ್ದು, ನನ್ನ ಮಕ್ಕಳು ಓದಿದ್ದು, ಊರಿನ ಜನ ಸಾಹೇಬ್ರ ಎಂದು ಕರೆಯುವುದು, ಎಲ್ಲ ಆ ತಾಟಿನ ಪುಣ್ಯ. ಅವರು ತೀರಿಕೊಂಡ ಮೇಲೆ ಅದೇ ಕೆಲಸ ಮಗಳು ರಾಬಿಯಾಳಿಗೆ ಬಂತು. ಅವಳ ಕೈಗೆ ಬೇಡಿ ಬೀಳುವುದನ್ನು ನೋಡುತ್ತ ಕೂರುವುದಕ್ಕೆ ನಾನು ಆ ಅನ್ನ ತಿಂದಿಲ್ಲ.

ರಾಬಿಯಾ ಅಂಗಳದಲ್ಲಿ ಅಕ್ಕಿ ಆರಿಸುತ್ತಿದ್ದಳು. ನಲವತ್ತರ ಹೆಣ್ಣು, ಮೂರು ವಾರದಲ್ಲಿ ಮುಖ ಇಳಿದುಹೋಗಿತ್ತು. ಚಮನಬೀ ನಕ್ಕದ್ದನ್ನೆಲ್ಲ ಹೇಳಿದೆ. ಅವಳು ನಗಲಿಲ್ಲ.

"ಈಗೇನ್ ಮಾಡ್ತೀರಿ ಕಾಕಾ?"

"ವನದುರ್ಗಕ್ಕ ಹೋಗ್ತೀನಿ. ಚಂದ್ರಾಮಪ್ಪನ ಬಾಯಿಂದನ ಖರೆ ಹೊರಡಸ್ತೀನಿ. ಹವಾಲ್ದಾರ ಪರಮಣ್ಣನ್ನ ಕರಕೊಂಡು ಹೊಂಟೀನಿ, ಹೇಳಿಕಿ ಅಲ್ಲೇ ಬರಕೋತಾನ."

ಮೊರ ಅವಳ ಕೈಯಲ್ಲೇ ನಿಂತಿತು. "ಬಿಸಿಲು ಭಾಳ ಐತಿ. ಆ ಮುದುಕ ಬಗ್ಗೂ ಮನಶ್ಯಾ ಅಲ್ರಿ. ಬಿಡ್ರಿ, ಆಗೂದು ಆಗಲಿ."

"ಹುಚ್ಚಿ! ಹಂಗಂದ್ರ ಹೆಂಗ? ಕದ್ದಾಂವ ಗುಮಾಸ್ತ ಚನ್ನಯ್ಯ ಅಂತ ನನಗ ಮೂರು ವಾರದಿಂದ ಗೊತ್ತೈತಿ. ಎರಡನೇ ಕೀಲಿಕೈ ಅವನ ಹತ್ರನ ಇತ್ತು. ಮಹಾದೇವಪ್ಪನ ಗಿರಣ್ಯಾಗ ಅವನ್ನ ನೋಡಿದೋರದಾರ. ಒಂದು ಸಾಕ್ಷಿ ಸಿಕ್ಕರ ಸಾಕು."

"ಕಾಕಾ, ನೀವು ನನಗಾಗಿ ಇಷ್ಟು ತಿರಗಬ್ಯಾಡ್ರಿ."

"ನಿನಗಾಗಿ ಅಲ್ಲವ್ವಾ. ನಿಮ್ಮಪ್ಪಗಾಗಿ."

ಅವಳು ಏನೋ ಹೇಳಲು ಬಾಯಿ ತೆರೆದಳು. ಹೊರಗೆ ಪರಮಣ್ಣನ ಬೈಕಿನ ಹಾರ್ನ್ ಕೇಳಿಸಿತು. ನಾನು ಎದ್ದೆ.

ಪರಮಣ್ಣ ಸುರಪುರದವನು. ಮಾತು ಕಡಿಮೆ, ಅಕ್ಷರ ದುಂಡಗೆ. ಠಾಣೆಯಲ್ಲಿ ಎಲ್ಲ ಹೇಳಿಕೆಗಳನ್ನೂ ಅವನ ಕೈಯಲ್ಲೇ ಬರೆಸುತ್ತಾರೆ. ತನಿಖೆ ಅವನದಲ್ಲ, ಮೇಲಿನವರದು. ಆದರೂ ಈ ಮೂರು ವಾರ ನನ್ನಂಥ ನಿವೃತ್ತ ಮುದುಕನ ಮಾತನ್ನು ಕಿವಿಗೆ ಹಾಕಿಕೊಂಡವನು ಅವನೊಬ್ಬನೇ. ಅದಕ್ಕೂ ನಾನು ಋಣಿ.

"ಸರ, ಚನ್ನಯ್ಯಂದು ಒಂದು ಸುದ್ದಿ ಐತ್ರಿ," ಎಂದ, ಕಾಲುವೆಯ ದಂಡೆಯ ದಾರಿಯಲ್ಲಿ ಬೈಕ್ ಓಡಿಸುತ್ತ. "ನಕಲು ನಕಾಶಿ ಕೊಟ್ಟಾಂವ ಅವನ. ಹಾಳಿ ಮ್ಯಾಲ ಅವನ ಕೈಬರಹ ಐತಿ. ಒಪ್ಪಿಕೊಂಡಾನ."

"ಅಸಲಿಂದು?"

"ಅದು ನನಗ ಗೊತ್ತಿಲ್ಲ ಅಂತಾನ್ರಿ. ಕುರಾನು, ಲಿಂಗ, ಎಲ್ಲಾದ್ರ ಮ್ಯಾಲೂ ಆಣಿ ಮಾಡ್ತಾನ. ಕಪಾಟು ತಗದಾಗ ಮೊದಲ ಖಾಲಿ ಇತ್ತಂತ."

"ಕಳ್ಳ ಇನ್ನೇನಂತಾನ?"

ಪರಮಣ್ಣ ಬೈಕಿನ ಗೇರು ಬದಲಿಸಿದ. ಎರಡೂ ಕಡೆ ಹಸಿರು ಭತ್ತ. ಕಾಲುವೆಯ ನೀರು ಕೆಂಪಗೆ, ತುಂಬಿ ಹರಿಯುತ್ತಿತ್ತು.

ಚಂದ್ರಾಮಪ್ಪನ ಮನೆ ಕೋಟೆಯ ಗೋಡೆಗೆ ಒರಗಿಕೊಂಡಂತೆ ಇದೆ. ಕಟ್ಟೆಯ ಮೇಲೆ ಕೂತು ಪುಂಡಿ ನಾರಿನ ಹಗ್ಗ ಹೊಸೆಯುತ್ತಿದ್ದ. ನಮ್ಮನ್ನು ಕಂಡದ್ದೇ ಎದ್ದು ನಿಂತ. ಇಲಾಖೆಯಲ್ಲಿ ನನ್ನ ಜೊತೆಯಲ್ಲೂ ಹದಿನೈದು ವರ್ಷ ಜಂಡಾ ಹಿಡಿದವನು. ಹೊಲದ ನಡುವೆ ಕೂತು ಒಂದೇ ಬುತ್ತಿ ಬಿಚ್ಚಿದವರು ನಾವು.

"ಕುಂದರ್ರಿ ಸಾಹೇಬ್ರ. ಏ, ನೀರು ತಾ."

ಒಳಗಿನಿಂದ ಅವನ ಹೆಂಡತಿ ಬಸ್ಸಮ್ಮ ತಂಬಿಗೆ ತಂದಿಟ್ಟು, ಬಾಗಿಲ ಹಿಂದೆಯೇ ನಿಂತಳು.

ಪರಮಣ್ಣನಿಗೆ ಹೇಳಿದೆ, "ಕಾಗದ ತಗಿ. ಕೆಳಗ ಕಾರ್ಬನ್ ಇಡು. ನಾ ಕೇಳಿದ್ದು, ಅಂವ ಹೇಳಿದ್ದು, ಒಂದಕ್ಷರ ಬಿಡಬ್ಯಾಡ. ನಾಳಿ ಯಾರೂ ಇದನ್ನ ತಿರುಚಬಾರದು."

ಅವನು ತೊಡೆಯ ಮೇಲೆ ರಟ್ಟು ಇಟ್ಟು ಬರೆಯಲು ಶುರುಮಾಡಿದ.

"ಚಂದ್ರಾಮಪ್ಪ, ಐವತ್ಮೂರರ ಮೋಜಣಿ ನೆನಪೈತೇನು?"

"ಐತ್ರಿ."

"ಎಂದು ನಡೀತದು?"

"ರಾಶಿ ಆದ ಮ್ಯಾಲ. ಮೋಜಣಿ ಮತ್ತ ಎಂದು ನಡೀತೈತ್ರಿ, ಹೊಲ ಬರಿದಾದ ಮ್ಯಾಲ ಅಲ್ಲೇನು?"

"ಹಳ್ಳದಾಗ ಎಷ್ಟು ನೀರಿದ್ವು?"

"ಕಾಗದದಾಗ ಬರದಾರಲ್ರಿ."

"ಕಾಗದಕ್ಕ ಕೇಳಿಲ್ಲ. ನಿನಗ ಕೇಳೀನಿ."

"ಮೊಣಕಾಲಮಟ."

"ಎಲ್ಲಿಂದ ಬಂದ್ವು?"

"ಹಳ್ಳದಾಗ ನೀರು ಎಲ್ಲಿಂದ ಬರ್ತಾವ್ರಿ ಸಾಹೇಬ್ರ? ಮ್ಯಾಲಿಂದ ಹರದು ಬರ್ತಾವ."

"ಆಗ ಮಳಿ ಆಗಿತ್ತೇನು?"

"ಬ್ಯಾಸಗ್ಯಾಗ ಯಾ ಮಳಿ!"

"ಹಂಗಾರ ಕಾಲುವಿ ಬಿಟ್ಟಿದ್ರೇನು?"

"ಆಗೆಲ್ಲಿ ಕಾಲುವಿ..." ಚಂದ್ರಾಮಪ್ಪನ ಕೈಯಲ್ಲಿ ಹಗ್ಗ ನಿಂತುಹೋಯಿತು.

ಪರಮಣ್ಣನ ಪೆನ್ನು ಸರಸರ ಓಡುತ್ತಿತ್ತು. ಮುದುಕ ಒಮ್ಮೆ ಪೆನ್ನಿನ ಕಡೆ, ಒಮ್ಮೆ ನನ್ನ ಕಡೆ ನೋಡಿದ. "ನನಗ ನೆನಪು ಹಾರ್ಯಾವ್ರಿ. ವಯಸ್ಸಾತು. ನೀರು ಇದ್ದಂಗ ಇತ್ತು."

"ಯಾ ನೀರು?"

ಕೇಳಿದ್ದು ನಾನಲ್ಲ. ಬಾಗಿಲ ಹಿಂದಿದ್ದ ಬಸ್ಸಮ್ಮ ಹೊರಗೆ ಬಂದಿದ್ದಳು.

"ನೀ ಒಳಗ ಹೋಗ," ಎಂದ ಚಂದ್ರಾಮಪ್ಪ.

"ಹೋಗಂಗಿಲ್ಲ. ಯಾ ನೀರು ಅಂತ ಕೇಳಾಕತ್ತೀನಿ. ಸಾಹೇಬ್ರ, ಆ ವರ್ಸ ನಾ ಹೊಸದಾಗಿ ಈ ಮನಿಗಿ ಬಂದಿದ್ದೆ. ಈತ ಸಂಜಿಗಿ ಶಹಾಪುರದಿಂದ ಬಂದ್ರ ಅಂಗಾಲು ತುಂಬ ಬೊಬ್ಬಿ. ಹಳ್ಳದ ಉಸುಕು ಸುಡ್ತೈತಿ ಅಂತ ಎರಡೂ ಕಾಲಿಗಿ ಗೋಣಿತಟ್ಟು ಕಟಗೊಂಡು ಹೋಗತಿದ್ದ. ಆ ಗೋಣಿ ಹೊಲದು ಕೊಟ್ಟಾಕಿ ನಾನ. ಬೊಬ್ಬಿಗಿ ಔಡಲೆಣ್ಣಿ ಹಚ್ಚಿದಾಕಿ ನಾನ. ನೀರಾಗ ನಿಂತಾಂವಗ ಬೊಬ್ಬಿ ಏಳ್ತಾವೇನು?"

ಪರಮಣ್ಣ ಬರೆಯುವುದನ್ನು ನಿಲ್ಲಿಸಿ ನಕ್ಕ. ನನಗೆ ನಗು ಬರಲಿಲ್ಲ. ಬಸ್ಸಮ್ಮನ ಕಾಲಿಗೆ ಬೀಳಬೇಕು ಅನ್ನಿಸಿತು. ಒಂದೇ ದಿನದಲ್ಲಿ ಇಬ್ಬರು ಮುದುಕಿಯರು ನನ್ನ ಮೂವತ್ತಾರು ವರ್ಷದ ನೌಕರಿಗೆ ಪಾಠ ಹೇಳಿದ್ದರು.

ಚಂದ್ರಾಮಪ್ಪ ತಲೆ ತಗ್ಗಿಸಿದ.

"ನೀರು ನಾ ಹೇಳಿಲ್ರಿ," ಎಂದ ಕೊನೆಗೆ. "ನಾ ಜಂಡಾ ಹಿಡದೀನಿ ಅಂದೆ, ಅಷ್ಟ. ಉಳದದ್ದು ಅವರ ಬರಕೊಂಡ್ರು. ಮಹಾದೇವಪ್ಪ ಓದಿ ಹೇಳಿದ. ಕೇಳಿಸಿಕೊಂಡು ಸುಮ್ಮಕಾದೆ."

"ಯಾಕ ಸುಮ್ಮಕಾದಿ?"

"ನನ್ನ ಹೊಲ ಕಾಲುವಿ ತುದಿಗಿ ಐತಿ ಸಾಹೇಬ್ರ. ಮ್ಯಾಲಿನವರು ಕುಡದ ಮ್ಯಾಲ ನಮಗ ಹನಿ ಬರಂಗಿಲ್ಲ. ಎಂಟು ವರ್ಸ ಆತು, ಎಲ್ಲಾರ ಹೊಲ ಹಸರು, ನಂದೊಂದ ಜ್ವಾಳ. ಮಹಾದೇವಪ್ಪ ಬಂದು, ನಿನ್ನ ತುದಿ ಹೊಲಕ್ಕ ನೀರು ಮುಟ್ಟಸ್ತೀನಿ, ಹೆಬ್ಬೆಟ್ಟಿನ ಸಹಿ ಮಾಡು ಅಂದ. ಮಾಡಿದೆ."

"ಹನ್ನೆರಡು ಮನಿ ಹೋಗ್ತಾವಂತ ಗೊತ್ತಿತ್ತಿಲ್ಲೋ?"

"ಗೊತ್ತಿತ್ರಿ."

ಬಸ್ಸಮ್ಮ ಸೆರಗಿನಿಂದ ಮುಖ ಒರೆಸಿಕೊಂಡು ಒಳಗೆ ಹೋದಳು. ಮುದುಕ ಅವಳು ಹೋದ ಕಡೆಗೇ ನೋಡುತ್ತಿದ್ದ. ನನ್ನ ಸಿಟ್ಟಿಗಿಂತ ಅವಳು ಮಾತಾಡದೆ ಹೋದದ್ದು ಅವನಿಗೆ ಹೆಚ್ಚು ತಾಗಿತು.

"ಈಗ ಖರೆ ಹೇಳು. ಹಳ್ಳ ಎಲ್ಲಿತ್ತು?"

"ಓಣಿಗಿಂತ ನಲವತ್ತು ಗಜ ಪಡುವಣಕ್ಕ. ಸರಪಳಿ ವರ್ತಿ ಹಿಡಕೊಂಡ ಹೋಗಿತ್ತು. ಏಳು ವರ್ತಿ. ಒಬ್ಬಾಕಿ ನನಗ ಪರಟಿಲೆ ನೀರು ಹಾಕಿದ್ಲು, ಕುಡದಿದ್ದೆ. ಈಗ ಅಲ್ಲಿ ಮಹಾದೇವಪ್ಪನ ಅಂಗಡಿ ಏಳಾಕತ್ತಾವ."

ಪರಮಣ್ಣ ಅದನ್ನೂ ಬರೆದ. ಅರ್ಧ ಕೆಲಸ ಆದಂತಾಯಿತು. ಆದರೆ ಅರ್ಧ ಮಾತ್ರ. ಮುದುಕ ಇಂದು ಒಂದು ಹೇಳಿದ, ನಿನ್ನೆ ಇನ್ನೊಂದು ಹೇಳಿದ್ದ ಎಂದು ಮಹಾದೇವಪ್ಪನ ವಕೀಲ ನಾಳೆ ಎದ್ದು ನಿಲ್ಲುತ್ತಾನೆ. ಚನ್ನಯ್ಯನ ನಕಲು ಮೇಜಿನ ಮೇಲೆ ಇರುತ್ತದೆ. ಅದನ್ನು ಸುಳ್ಳು ಮಾಡಲು ಅಸಲೇ ಬೇಕು.

"ಚಂದ್ರಾಮಪ್ಪ, ನಿನ್ನ ಮಾತೊಂದ ಸಾಲಂಗಿಲ್ಲ. ನಕಾಶಿ ಬೇಕು. ಅದು ಸಿಗಲಿಲ್ಲಂದ್ರ ಶರೀಫಸಾಬರ ಮಗಳು ನಾಳಿ ಜೈಲಿಗಿ ಹೋಗ್ತಾಳ. ನೀನೂ ಆ ಮನಿ ರೊಟ್ಟಿ ತಿಂದಾಂವ."

ಮುದುಕ ಹಗ್ಗ ಬದಿಗಿಟ್ಟು ಎದ್ದ. ಒಳಗೆ ಹೋದ. ಏಣಿ ಎಳೆದ ಸದ್ದು, ಅಟ್ಟದಿಂದ ಏನೋ ಇಳಿಸಿದ ಸದ್ದು. ಹೊರಗೆ ಬಂದಾಗ ಅವನ ಕೈಯಲ್ಲಿ ಮಸಿ ಹಿಡಿದ ಬಿದಿರಿನ ಅಂಡೆ ಇತ್ತು.

"ಒಂದು ಸುಳ್ಳು ಹೇಳೀನಿ, ಖರೆ ಐತಿ," ಎಂದ. "ಆದರ ಇದನ್ನ ಮಹಾದೇವಪ್ಪಗ ಕೊಡಲಿಲ್ಲ. ಐತಿ ಅಂತ್ಲೂ ಹೇಳಲಿಲ್ಲ."

ಅಂಡೆಯ ಬಾಯಿಯ ಬಟ್ಟೆ ಬಿಚ್ಚಿದೆ. ಒಳಗಿನಿಂದ ಬಟ್ಟೆಗೆ ಅಂಟಿಸಿದ ದಪ್ಪ ಹಾಳೆ ಸುರುಳಿಯಾಗಿ ಬಂತು. ಕಟ್ಟೆಯ ಮೇಲೆ ಹಾಸಿ, ನಾಲ್ಕು ಮೂಲೆಗೂ ಕಲ್ಲಿಟ್ಟೆ.

ಜಾಲಿಹಳ್ಳ.

ಗುಡ್ಡದ ಸಂದಿನಿಂದ ಹೊರಟು ಕೆರೆಯ ಕೋಡಿಯನ್ನು ಮುಟ್ಟಿ, ಹತ್ತಿ ಬಜಾರದ ಹಿಂದೆ ಬಳುಕಿ, ಓಣಿಗೆ ನಲವತ್ತು ಗಜ ದೂರದಲ್ಲೇ ಹಾದುಹೋಗುವ ಎರಡು ಗೆರೆ. ಗೆರೆಗಳ ನಡುವೆ ನೀಲಿ ಬಣ್ಣವಿಲ್ಲ. ಉಸುಕೆಂದು ತೋರಿಸುವ ಸಣ್ಣ ಸಣ್ಣ ಚುಕ್ಕಿಗಳು. ಆ ಚುಕ್ಕಿಗಳ ಮಧ್ಯೆ ಕೆಂಪು ಮಸಿಯಲ್ಲಿ ಏಳು ಪುಟ್ಟ ಉಂಗುರಗಳು. ಪಕ್ಕದಲ್ಲಿ ಉರ್ದುವಿನಲ್ಲಿ ಎರಡು ಪದ. ಬೆರಳಿಟ್ಟು ಓದಿದೆ: ಕುಡಿಯುವ ನೀರು.

ಏಳು ವರ್ತಿಗಳನ್ನೂ ಗುರುತು ಮಾಡಿದ್ದರು.

ಆ ಮೋಜಣಿದಾರ ಯಾರೋ ನನಗೆ ಗೊತ್ತಿಲ್ಲ. ಉಸುಕಿನಲ್ಲಿ ಹೆಂಗಸರು ತೋಡಿದ ಕುಣಿ, ಮಳೆ ಬಂದರೆ ಮುಚ್ಚಿಹೋಗುವಂಥದು, ಅದನ್ನು ಸರ್ಕಾರಿ ನಕಾಶೆಯಲ್ಲಿ ಬರೆಯಬೇಕೆಂದು ಯಾವ ಕಾನೂನೂ ಹೇಳುವುದಿಲ್ಲ. ಮೂವತ್ತಾರು ವರ್ಷದಲ್ಲಿ ನಾನೂ ಒಮ್ಮೆಯೂ ಬರೆದಿಲ್ಲ. ಅವನು ಬಿಸಿಲಲ್ಲಿ ನಿಂತು ಏಳನ್ನೂ ಬರೆದ. ಮೂರನೆಯ ಉಂಗುರ ಚಮನಬೀಯದು. ನೆಲದಲ್ಲಿ ಅದು ಮಹಾದೇವಪ್ಪನ ಮೊರಂನ ಕೆಳಗೆ ಹೋದರೂ, ಹಾಳೆಯ ಮೇಲೆ ನಲವತ್ನಾಲ್ಕು ವರ್ಷದಿಂದ ಹಾಗೇ ಇದೆ.

ನನಗೆ ಅಳು ಬಂತು. ಹೆಸರು ಗೊತ್ತಿಲ್ಲದ ಆ ಮನುಷ್ಯನಿಗೆ, ಅವನ ಅಕ್ಷರ ಓದಲು ಕಲಿಸಿದ ಶರೀಫಸಾಬರಿಗೆ, ಬೊಬ್ಬೆ ನೆನಪಿಟ್ಟುಕೊಂಡ ಬಸ್ಸಮ್ಮನಿಗೆ, ಎಲ್ಲರಿಗೂ ಮನಸ್ಸಿನಲ್ಲೇ ಶರಣೆಂದೆ. ಹನ್ನೆರಡು ಮನೆ ಉಳಿದವು. ಇನ್ನು ಕಳ್ಳನ ಹೆಸರು ಕಾಗದಕ್ಕೆ ಬಿದ್ದರೆ ರಾಬಿಯಾಳೂ ಉಳಿದಳು.

"ಬರಕೋ ಪರಮಣ್ಣ," ಎಂದೆ. ನನ್ನ ದನಿ ಏರಿತ್ತು. "ಅಸಲು ನಕಾಶಿ ಚಂದ್ರಾಮಪ್ಪನ ಮನ್ಯಾಗ ಸಿಕ್ಕೈತಿ. ನಮ್ಮಿಬ್ಬರ ಎದರು ತಗದು ಕೊಟ್ಟಾನ. ಇದನ್ನ ಅವನಿಗಿ ತಂದು ಕೊಟ್ಟವರು..."

ಪರಮಣ್ಣ ಬರೆದ. ತಂದು ಕೊಟ್ಟವರು.

"ಹೇಳು ಚಂದ್ರಾಮಪ್ಪ. ಚನ್ನಯ್ಯ ಹೌದಲ್ಲೋ?"

"ಯಾ ಚನ್ನಯ್ಯ?"

"ದಫ್ತರದ ಗುಮಾಸ್ತ. ಅಂವ ಅಲ್ಲೇನು ನಕಾಶಿ ಕದ್ದು ನಿನಗ ತಂದು ಕೊಟ್ಟಾಂವ?"

"ಅವನ ಮಾರಿನ ನಾ ನೋಡಿಲ್ರಿ." ಚಂದ್ರಾಮಪ್ಪ ನನ್ನನ್ನು ವಿಚಿತ್ರವಾಗಿ ನೋಡಿದ. "ನಿಮಗ ಆಕಿ ಹೇಳಿ ಕಳಿಸ್ಯಾಳ ಅನಕೊಂಡಿದ್ನಿ. ಅದಕ್ಕ ತಗದು ಕೊಟ್ಟೆ."

"ಯಾವಾಕಿ?"

"ರಾಬಿಯಾ ಬಾಯಿ. ಮೂರು ವಾರದ ಹಿಂದ, ದೂರು ಆಗೂಕಿಂತ ಎರಡು ದಿನ ಮೊದ್ಲ. ಒಬ್ಬಾಕೀನ ಬಂದಿದ್ಲು, ಬುರಖಾದಾಗ ಮುಚಗೊಂಡು ತಂದಿದ್ಲು. ದಫ್ತರದಾಗ ಇದ್ರ ಇದು ಉಳಿಯಂಗಿಲ್ಲ ಅಂದ್ಲು. ಯಾರಿಗೂ ಹೇಳಬ್ಯಾಡ, ಹುಲಗಪ್ಪ ಕಾಕಾಗಂತೂ ಹೇಳಲೇಬ್ಯಾಡ ಅಂದ್ಲು."

ಕೋಟೆಯ ಮೇಲಿಂದ ಗಾಳಿ ಬೀಸಿ ನಕಾಶೆಯ ಒಂದು ಮೂಲೆ ಕಲ್ಲು ತಪ್ಪಿಸಿಕೊಂಡು ಎದ್ದಿತು. ಅದನ್ನು ಒತ್ತಿ ಹಿಡಿಯಲು ನನ್ನ ಕೈ ಏಳಲಿಲ್ಲ.

ಈ ಹಾಳೆ ನಾಳೆ ಮೇಜಿನ ಮೇಲೆ ಬಿದ್ದರೆ ಹನ್ನೆರಡು ಮನೆ ಉಳಿಯುತ್ತವೆ. ಎಲ್ಲಿಂದ ಬಂತೆಂದು ಹೇಳದೆ ಇಟ್ಟರೆ ಅದಕ್ಕೆ ಬೆಲೆಯಿಲ್ಲ, ಇದೂ ಒಂದು ನಕಲು ಅನ್ನುತ್ತಾರೆ. ಎಲ್ಲಿಂದ ಬಂತೆಂದು ಹೇಳಿದರೆ ಸರ್ಕಾರಿ ದಾಖಲೆ ಕದ್ದವಳು ರಾಬಿಯಾ ಎಂದು ನನ್ನ ಬಾಯಿಂದಲೇ ಹೇಳಿದಂತೆ. ಶರೀಫಸಾಬರ ಮಗಳನ್ನು ನಾನೇ ಕೈ ಹಿಡಿದು ಠಾಣೆಗೆ ಬಿಟ್ಟಂತೆ.

ಪರಮಣ್ಣನ ಪೆನ್ನು ಕಾಗದದಿಂದ ಒಂದು ಕೂದಲಿನಷ್ಟು ಮೇಲೆ ನಿಂತಿತ್ತು. ಅವನ ಬಲಗಡೆ ಚಂದ್ರಾಮಪ್ಪ ಹೆಬ್ಬೆಟ್ಟಿಗೆ ಮಸಿ ಹಚ್ಚಿಸಿಕೊಳ್ಳಲು ಆಗಲೇ ಕೈ ಚಾಚಿ ಕೂತಿದ್ದ.

"ಸರ," ಎಂದ ಪರಮಣ್ಣ, ತಲೆ ಎತ್ತದೆ. "ಒಂದಕ್ಷರ ಬಿಡಬ್ಯಾಡ ಅಂದಿದ್ರಿ. ಈ ಹೆಸರು ಬರೀಲ್ಯಾ, ಬ್ಯಾಡ್ರ್ಯಾ?"